ವಾಸನೆ ಎಂಬ ಕಾಲಮ್ಮು

ಸಾಂಗೇಮಿನ ಆಚೆ, ನಿಂತುಹೋದ ಗಣಿಯ ಕೆಂಪು ದಿಬ್ಬದ ಮೇಲೆ
ಅಕೇಶಿಯಾ ಬುಡದಲ್ಲಿ ಮೂರು ಸಿಕ್ಕವು.
ಒಂದನ್ನು ಬಸವನಹುಳ ಆಗಲೇ ಅರ್ಧ ತಿಂದಿತ್ತು.
ಉಳಿದೆರಡನ್ನು ಬಾಳೆಲೆಯಲ್ಲಿ ಸುತ್ತಿ
ಊಟದ ಡಬ್ಬಿಯಲ್ಲಿ ಅನ್ನದ ಜಾಗಕ್ಕಿಟ್ಟು
ಕದಂಬ ಬಸ್ಸಿನಲ್ಲಿ ತೊಡೆಯ ಮೇಲೆ ತಂದೆ.

ಕುಡಚಡೆಯಲ್ಲಿ ಹತ್ತಿದ ಮೀನಿನವಳು
ಇಣುಕಿ, ಸಾರಿಗಾ? ಎಂದಳು.
ಅಲ್ಲ, ಇದನ್ನು ತಿನ್ನೋದಿಲ್ಲ.
ತಿನ್ನದ್ದನ್ನು ಯಾಕೆ ಹೊರೋದು?
ಮಡಗಾಂವ್ ಬರುವತನಕ ಉತ್ತರ ಹುಡುಕಿದೆ.
ಅವಳು ಇಳಿದುಹೋದಳು.

ಎಫಿಜೇನಿಯಾ ಮೇಡಂ ಕನ್ನಡಕ ಹಣೆಗೇರಿಸಿ ನೋಡಿದರು.
ಮೂರು ಪುಸ್ತಕ ತೆರೆದು, ಮೂರನ್ನೂ ಮುಚ್ಚಿ
ಇದರಲ್ಲಿಲ್ಲ, ಎಂದರು.
ಲ್ಯಾಬಿನಲ್ಲಿ ನನ್ನ ಹನ್ನೊಂದು ವರ್ಷಕ್ಕೆ
ಈ ಮಾತು ಕೇಳಿದ್ದು ಎರಡನೇ ಸಲ.
ಮೊದಲನೆಯದು ನಾಲ್ಕನೇ ಪುಸ್ತಕದಲ್ಲಿ ಸಿಕ್ಕಿತ್ತು.

ಬರೆದುಕೋ ರುದ್ರವ್ವಾ, ಬಾಡುವ ಮೊದಲು.

ಟೋಪಿ: ನಾಲ್ಕು ಸೆಂಟಿಮೀಟರ್. ನಡುವೆ ಉಬ್ಬು,
ಕೂಸಿನ ಹೊರಬಂದ ಹೊಕ್ಕುಳಿನ ಹಾಗೆ.
ಬಣ್ಣ: ಹಳದಿ ಎನ್ನಲಾರೆ.
ಒಗ್ಗರಣೆ ಸೀಯುವ ಹೊತ್ತಿಗೆ ಅರಿಶಿನ ತಿರುಗುವ ಬಣ್ಣ.
ಕಿವಿರು: ಒತ್ತೊತ್ತಾಗಿವೆ, ಆದರೆ ಕಾಂಡವನ್ನು ಮುಟ್ಟುವುದಿಲ್ಲ,
ಕರೆಯದೆ ಬಂದ ಬೀಗರಂತೆ
ಹೊಸ್ತಿಲಿಗೊಂದು ಕೂದಲೆಳೆ ಈಚೆಗೇ ನಿಂತಿವೆ.
ಉಂಗುರ: ಒಂದಕ್ಕಿದೆ, ಸಡಿಲ. ಇನ್ನೊಂದರದು ಡಬ್ಬಿಯಲ್ಲಿ ಬಿದ್ದಿತ್ತು.
ಕಾಂಡ: ಕೊಯ್ದಾಗ ಬಿಳಿ.
ಇಪ್ಪತ್ತೆಣಿಸುವುದರೊಳಗೆ ಇಟ್ಟಿಗೆಗೆಂಪು.
ಮೇಡಂ ಎರಡು ಸಲ ಎಣಿಸಿದರು, ಕೊಂಕಣಿಯಲ್ಲೊಮ್ಮೆ, ಪೋರ್ಚುಗೀಸಿನಲ್ಲೊಮ್ಮೆ.

ರಾತ್ರಿ ಟೋಪಿ ಕತ್ತರಿಸಿ
ಅರ್ಧ ಬಿಳಿ ಅರ್ಧ ಕರಿ ಕಾಗದದ ಮೇಲೆ ಕೂರಿಸಿ
ಗಾಜಿನ ಬಟ್ಟಲು ಕವುಚಿ ಬಂದೆ.
ಬೆಳಗ್ಗೆ ನೋಡಿದರೆ ಬಿಳಿಯ ಮೇಲೆ ಏನೂ ಇಲ್ಲ ಅನ್ನಿಸಿತು.
ಕರಿಯ ಮೇಲೆ ಅರ್ಧ ಚಕ್ಕಡಿಗಾಲಿ,
ಅರೆಗಾಲೆಲ್ಲ ಲೆಕ್ಕಕ್ಕೆ ಸಿಗುವಷ್ಟು ಸ್ಪಷ್ಟ.
ಕೆನೆಬಣ್ಣ, ಎಂದರು ಮೇಡಂ.
ಹಸಿ ಶೇಂಗಾದ ಒಳಸಿಪ್ಪೆ, ಎಂದೆ ನಾನು.
ಕೆನೆ ಎಂದೇ ಬರೆದೆವು.

ನೆಲೆ: ಗಣಿ ತ್ಯಾಜ್ಯ.
ನಾಲ್ಕಕ್ಷರಕ್ಕೆ ಸರಿಯಾಗಿ ಅಳೆದಿಟ್ಟಂಥ ಜಾಗ.
ಅದನ್ನು ಅಲ್ಲಿ ಸುರಿದವರಲ್ಲಿ ನಮ್ಮಪ್ಪನೂ ಒಬ್ಬ,
ಹುನಗುಂದದ ಕಡೆಯಿಂದ ಬಂದ ಟಿಪ್ಪರ್ ಕ್ಲೀನರ್.
ಸಣ್ಣಾಕಿ ಇದ್ದಾಗ ತೋರಿಸಿ ಹೇಳಿದ್ದ:
ಗುಡ್ಡ ಅಲ್ಲವ್ವಾ ಇದು, ನಾವು ಬ್ಯಾಡಂದಿದ್ದು.

ಮಧ್ಯಾಹ್ನ ಅವನಿಗೆ ಫೋನ್ ಹಚ್ಚಿದೆ.
ನೀವು ಇದ್ದಾಗ ಆ ದಿಬ್ಬದ ಮ್ಯಾಲ ಅಣಬಿ ಬರತಿದ್ದುವೇನು?
ಧೂಳ ಬರತಿತ್ತು, ಎಂದ.
ಆಮೇಲೆ, ಮಳಿ ಹೆಂಗೈತಿ ಅಲ್ಲಿ, ಎಂದು ಕೇಳಿದ,
ಝುವಾರಿನಗರದಲ್ಲಿ ಕೂತು, ಬೇರೆ ದೇಶ ಕೇಳಿದ ಹಾಗೆ.

ವಾಸನೆ?
ಮೂಲಂಗಿ, ಎಂದರು ಮೇಡಂ.
ಎಂಎಸ್ಸಿ ಹುಡುಗ ಶ್ರೀಪಾದನಿಗೆ ನೆಗಡಿ.
ಅವನೂ ಮೂಸಿ, ಮೂಲಂಗಿ ಎಂದ.
ನಾನು ಮತ್ತೊಮ್ಮೆ ಮೂಗಿಗೆ ಹಿಡಿದೆ.
ತಾಡಪತ್ರಿ.
ಮಳೆಯಲ್ಲಿ ನೆಂದು, ಕಾದ ಅದಿರಿನ ಮೇಲೆ ಬಿಗಿದು,
ಬಂದರದಲ್ಲಿ ಬಿಚ್ಚಿ, ಮಡಚಿ,
ರಾತ್ರಿ ನಮ್ಮ ಗುಡಿಸಲಿಗೆ ಹೊದಿಸುತ್ತಿದ್ದ ತಾಡಪತ್ರಿ.
ಅದು ವಾಸನೆಯ ಕಾಲಮ್ಮಿಗೆ ಬರುವುದಿಲ್ಲ ಎಂದು ನನಗೆ ಗೊತ್ತು.
ಮೂಲಂಗಿ ಎಂದು ಪೆನ್ನಿನಲ್ಲಿ ಬರೆದೆ,
ಪಕ್ಕದಲ್ಲಿ ಪೆನ್ಸಿಲ್ಲಿನಲ್ಲಿ, ಕನ್ನಡದಲ್ಲಿ, ಇನ್ನೊಂದು.
ಮೇಡಂ ನೋಡಿದರು. ಏನದು ಎಂದು ಕೇಳಲಿಲ್ಲ,
ಅಳಿಸು ಅನ್ನಲೂ ಇಲ್ಲ.

ನಲವತ್ತು ಡಿಗ್ರಿಯಲ್ಲಿ ಒಣಗಿಸಿದರೆ
ಎರಡೂ ಸೇರಿ ಒಂದು ಮುಷ್ಟಿಯಾಗದು.
ಕಾಗದದ ಪೊಟ್ಟಣ, ನಂಬರು ನಾನೂರ ಹದಿನೇಳು.
ಕುಲ: ಒಂದು ಪ್ರಶ್ನಾರ್ಥಕ ಚಿಹ್ನೆ. ಜಾತಿ: ಖಾಲಿ.
ಸಂಗ್ರಹಿಸಿದವರು ಎಂಬಲ್ಲಿ ಮೇಡಂ ತಾವೇ ನನ್ನ ಹೆಸರು ಬರೆದರು,
ಹಾದಿಮನಿಯಲ್ಲಿ ಎರಡು ತಪ್ಪು.
ತಿದ್ದಲಿಲ್ಲ. ಶಾಯಿ ಇನ್ನೂ ಹಸಿಯಿತ್ತು.

ಮೂರನೆಯದು ದಿಬ್ಬದ ಮೇಲೇ ಉಳಿಯಿತು.
ಅದನ್ನು ಬಸವನಹುಳ ಗುರುತಿಸಿ ಆಗಿತ್ತು.